ಕಣ್ಣು ಮಿಟುಕಿಸುವ ಮೊದಲು ಹೇಳಿ

(ಓದುಗರ ಬಳಗವೊಂದರ ಮುಂದೆ ಆಡಿದ ಮಾತಿನ ಬರಹ ರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೇ ಉಳಿಸಿಕೊಂಡಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಒಂದು ಕೋಣೆಯಿಂದ ಶುರು ಮಾಡುತ್ತೇನೆ. ಬೀಗ ಹಾಕಿದ ಕೋಣೆ. ಒಳಗೆ ಒಂದು ಪ್ರತಿಮೆ ಇದೆ. ಕಾಂಕ್ರೀಟು, ಕಬ್ಬಿಣದ ಸರಳು ಸೇರಿಸಿ ಮಾಡಿದ್ದು. ಮೈಮೇಲೆ ಅಲ್ಲಲ್ಲಿ ಸ್ಪ್ರೇ ಪೇಂಟು. ನೀವು ನೋಡುತ್ತಿರುವಷ್ಟು ಹೊತ್ತು ಅದು ಬರೀ ಪ್ರತಿಮೆ. ಕಣ್ಣು ಆಚೆ ಹೋಯಿತೋ, ಅದು ನಿಮ್ಮ ಪಕ್ಕದಲ್ಲಿರುತ್ತದೆ. ಆಮೇಲೆ ನಿಮ್ಮ ಕತ್ತು ಇರುವುದಿಲ್ಲ.

ಈ ಕೋಣೆಗೆ ಹೋಗಲು ಒಂದು ನಿಯಮ ಇದೆ. ಮೂವರಿಗಿಂತ ಕಡಿಮೆ ಜನ ಒಳಗೆ ಹೋಗುವಂತಿಲ್ಲ. ಹೋದ ಕೂಡಲೇ ಹಿಂದಿನಿಂದ ಬಾಗಿಲಿಗೆ ಬೀಗ ಬೀಳುತ್ತದೆ. ಎಲ್ಲರೂ ಹೊರಗೆ ಬರುವ ತನಕ ಇಬ್ಬರ ಕಣ್ಣು ಪ್ರತಿಮೆಯ ಮೇಲೇ ಇರಬೇಕು. ಮನುಷ್ಯನ ಕಣ್ಣು ಎಷ್ಟು ಹೊತ್ತು ಮುಚ್ಚದೆ ಇದ್ದೀತು? ಅದಕ್ಕೂ ನಿಯಮ ಇದೆ. ಮಿಟುಕಿಸುವ ಮೊದಲು ಜೊತೆಯವರಿಗೆ ಹೇಳಬೇಕು. 'ನಾನೀಗ ಮಿಟುಕಿಸ್ತೀನಿ, ನೀನು ನೋಡ್ತಿರು.' ಅಷ್ಟೇ. ಮಂತ್ರ ಇಲ್ಲ, ಕತ್ತಿ ಇಲ್ಲ, ದಿವ್ಯಾಸ್ತ್ರ ಇಲ್ಲ. ಇಬ್ಬರ ನಡುವಿನ ಆ ಒಂದು ಮಾತು ಇದೆ.

ಇದು ಎಸ್‌ಸಿಪಿ ಫೌಂಡೇಶನ್ ಎಂಬ ಕಲ್ಪಿತ ಸಂಸ್ಥೆಯ ಬಗ್ಗೆ ಎಲ್ಲಕ್ಕಿಂತ ಮೊದಲು ಬರೆದ ಕಡತ, ಅಂದರೆ ಕಥೆ. ಕಡತದ ಸಂಖ್ಯೆ 173. 2007ರಲ್ಲಿ ಇಂಗ್ಲಿಷಿನ ಒಂದು ಅನಾಮಧೇಯ ಜಾಲತಾಣದಲ್ಲಿ ಯಾರೋ ಒಬ್ಬರು ಹೆಸರು ಹಾಕದೆ ಇದನ್ನು ಬರೆದು ಹೋದರು. ಓದಿದವರು ಅದೇ ಧಾಟಿಯಲ್ಲಿ ಇನ್ನೊಂದು ಬರೆದರು, ಮತ್ತೊಂದು ಬರೆದರು. 2008ರಲ್ಲಿ ಈ ಕಥೆಗಳಿಗೇ ಒಂದು ಮನೆ, ಅಂದರೆ ತಮ್ಮದೇ ಜಾಲತಾಣ ಆಯಿತು. ಈಗ ಕಡತಗಳ ಸಂಖ್ಯೆ 8000 ದಾಟಿದೆ. ರಷ್ಯನ್, ಕೊರಿಯನ್, ಜಪಾನಿ, ಚೀನೀ, ಫ್ರೆಂಚ್, ಪೋಲಿಷ್ ಭಾಷೆಗಳಲ್ಲಿ ಬೇರೆ ಬೇರೆ ಶಾಖೆಗಳಿವೆ. ಅವರು ಅನುವಾದ ಮಾಡಿ ಸುಮ್ಮನಾಗುವುದಿಲ್ಲ, ತಮ್ಮದೇ ಕಡತಗಳನ್ನೂ ಬರೆಯುತ್ತಾರೆ.

ಎಸ್, ಸಿ, ಪಿ ಅಂದರೆ ಸೆಕ್ಯೂರ್, ಕಂಟೇನ್, ಪ್ರೊಟೆಕ್ಟ್. ಹಿಡಿ, ಕಟ್ಟಿಡು, ಕಾಪಾಡು. ಪ್ರಕೃತಿಯ ನಿಯಮಕ್ಕೆ ಒಗ್ಗದ ಯಾವುದೇ ವಸ್ತು, ಜೀವ ಅಥವಾ ಜಾಗ ಇದ್ದರೆ ಈ ಗುಪ್ತ ಸಂಸ್ಥೆ ಅದನ್ನು ಹುಡುಕಿ ಹಿಡಿಯುತ್ತದೆ, ಬೀಗ ಹಾಕಿಡುತ್ತದೆ. ನೋಡಿದವರಿಗೆ ಮರೆವಿನ ಮದ್ದು ಕೊಟ್ಟು ಮನೆಗೆ ಕಳಿಸುತ್ತದೆ. ನಮಗೆ ಗೊತ್ತೇ ಆಗದಂತೆ ನಮ್ಮ ಲೋಕವನ್ನು ನೆಟ್ಟಗೆ ನಿಲ್ಲಿಸುತ್ತದೆ. ಎಲ್ಲದರ ಮೇಲೆ 13 ಜನರ ಒಂದು ಸಮಿತಿ ಇದೆ. ಅವರಿಗೆ ಹೆಸರಿಲ್ಲ, ಸಂಖ್ಯೆ ಮಾತ್ರ.

ಇಂಥ ಗುಪ್ತ ಬಳಗದ ಕಲ್ಪನೆ ಹೊಸದಲ್ಲ. ಯಹೂದಿ ಜನರಲ್ಲಿ ಒಂದು ಹಳೆಯ ನಂಬಿಕೆ ಇದೆ. ಪ್ರತಿ ತಲೆಮಾರಿನಲ್ಲೂ 36 ಜನ ಗುಪ್ತ ಸಜ್ಜನರು ಇರುತ್ತಾರಂತೆ. ಅವರಿರುವುದರಿಂದಲೇ ಲೋಕ ಉಳಿದಿದೆಯಂತೆ. ಅವರನ್ನು ಯಾರೂ ಗುರುತಿಸಲಾರರು. ನಮ್ಮಲ್ಲಿ ಆದಿಶೇಷ ಭೂಮಿ ಹೊತ್ತಿದ್ದಾನೆ, ಎಂಟು ದಿಕ್ಕಿಗೆ ಎಂಟು ಆನೆ ನಿಂತಿವೆ. ಲೋಕ ತಾನಾಗಿ ನಿಂತಿಲ್ಲ, ಯಾರೋ ಹಿಡಿದಿದ್ದಾರೆ ಎಂಬ ಅನುಮಾನ ಮನುಷ್ಯನಿಗೆ ಮೊದಲಿನಿಂದ ಇದೆ. ಆದರೆ ಇಲ್ಲಿ ಒಂದು ಹೊಸ ಸಂಗತಿ ಇದೆ. ಇಲ್ಲಿ ಲೋಕವನ್ನು ಹಿಡಿದಿರುವುದು ಒಂದು ಆಫೀಸು.

ನಮ್ಮ ತಂದೆ ತಾಲ್ಲೂಕು ಕಚೇರಿಯ ರೆಕಾರ್ಡ್ ರೂಮಿನಲ್ಲಿ ಕೆಲಸ ಮಾಡುತ್ತಿದ್ದರು. ಚಿಕ್ಕವನಿದ್ದಾಗ ಬುತ್ತಿ ಕೊಡಲು ಹೋಗುತ್ತಿದ್ದೆ. ಕೆಂಪು ಬಟ್ಟೆಯಲ್ಲಿ ಕಟ್ಟಿದ ಗಂಟುಗಳು ಸೂರಿನವರೆಗೆ. ಒಬ್ಬ ರೈತ ಬಂದು ತನ್ನ ಹೊಲದ ಕಾಗದ ಕೇಳುತ್ತಿದ್ದ. ಹೊಲ ಊರಿನಲ್ಲೇ ಇದೆ, ಅವನೇ ಉಳುತ್ತಿದ್ದಾನೆ, ಬದು ಕೂಡ ಅವನೇ ಹಾಕಿದ್ದು. ಆದರೂ ಪಹಣಿಯಲ್ಲಿ ಹೆಸರು ನೋಡುವ ತನಕ ಅವನಿಗೆ ಸಮಾಧಾನ ಇರುತ್ತಿರಲಿಲ್ಲ. ಹಾಳೆಯ ಅಂಚಿನಲ್ಲಿ ಒಂದು ಷರಾ ಬಿದ್ದರೆ ಹೊಲವೇ ಕೈಬಿಟ್ಟು ಹೋಗಬಹುದಿತ್ತು. ತಂದೆ ಒಂದು ಹಾಳೆ ಮುಟ್ಟುವ ಮೊದಲು ಕೈ ತೊಳೆದು ಬರುತ್ತಿದ್ದರು. ಆಗ ನನಗೆ ಅದು ಬೇಜಾರಿನ ಕೆಲಸ ಅನಿಸುತ್ತಿತ್ತು. ಎಷ್ಟೋ ವರ್ಷದ ಮೇಲೆ ಈ ಕಥೆಗಳನ್ನು ಓದುವಾಗ ನೆನಪಾದದ್ದು ಆ ಕೈ ತೊಳೆಯುವುದೇ.

ಯಾಕೆ ಅಂದರೆ ಎಸ್‌ಸಿಪಿ ಕಥೆಗಳು ಕಥೆಯ ಹಾಗೆ ಇರುವುದಿಲ್ಲ. ಕಡತದ ಹಾಗೆ ಇರುತ್ತವೆ. ಮೇಲೆ ಸಂಖ್ಯೆ. ಕೆಳಗೆ ವರ್ಗ. ಆಮೇಲೆ, ಅದನ್ನು ಹೇಗೆ ಇಡಬೇಕು ಎಂಬ ಸೂಚನೆ. ಅದಾದ ಮೇಲೆ ವಿವರಣೆ. ಈ ಅನುಕ್ರಮ ನೋಡಿ. ಅದು ಏನು ಅಂತ ಹೇಳುವ ಮೊದಲೇ ಅದನ್ನು ಹೇಗೆ ಕಾಯಬೇಕು ಅಂತ ಹೇಳುತ್ತಾರೆ. ನಾವು ಮೊದಲು ಬೀಗ ನೋಡುತ್ತೇವೆ. ಒಳಗೆ ಏನಿರಬಹುದು ಅಂತ ಬೀಗ ನೋಡಿಯೇ ಊಹಿಸುತ್ತೇವೆ. ನಡುನಡುವೆ ಕಪ್ಪು ಪಟ್ಟಿ ಬಳಿದ ಸಾಲುಗಳು. ಭಯ ಹುಟ್ಟುವುದು ಆ ಪಟ್ಟಿಗಳ ಹಿಂದೆ.

ವರ್ಗಗಳ ಬಗ್ಗೆ ಒಂದು ಮಾತು, ಇದು ನನಗೆ ತುಂಬಾ ಹಿಡಿಸಿದ ಭಾಗ. ಮುಖ್ಯ ವರ್ಗ ಮೂರು. ಸೇಫ್, ಯೂಕ್ಲಿಡ್, ಕೆಟರ್. ಕೆಟರ್ ಎಂಬುದು ಹೀಬ್ರೂ ಪದ, ಕಿರೀಟ ಅಂತ ಅರ್ಥ. ಯಹೂದಿ ಅನುಭಾವಿಗಳು ದೈವದ ಹತ್ತು ನೆಲೆಗಳನ್ನು ಹೇಳುತ್ತಾರಲ್ಲ, ಅದರಲ್ಲಿ ಎಲ್ಲಕ್ಕಿಂತ ಮೇಲಿನದು. ಈ ವರ್ಗಗಳನ್ನು ತಿಳಿಸಲು ಬರೆಯುವವರು ಒಂದು ಪೆಟ್ಟಿಗೆಯ ಉದಾಹರಣೆ ಕೊಡುತ್ತಾರೆ. ವಸ್ತುವನ್ನು ಪೆಟ್ಟಿಗೆಯಲ್ಲಿಟ್ಟು ಬೀಗ ಹಾಕಿ ಹೋಗಿ. ಬಂದು ನೋಡಿದಾಗ ಏನೂ ಆಗಿರದಿದ್ದರೆ ಅದು ಸೇಫ್. ಏನಾಗುತ್ತದೆ ಅಂತ ಹೇಳಲು ಬಾರದಿದ್ದರೆ ಯೂಕ್ಲಿಡ್. ಪೆಟ್ಟಿಗೆ ಒಡೆದು ಹೊರಗೆ ಬಂದೇ ಬರುತ್ತದೆ ಅಂತಾದರೆ ಕೆಟರ್. ಅಂದರೆ ಈ ವರ್ಗ ಅಪಾಯದ ಅಳತೆಯೇ ಅಲ್ಲ. ಲೋಕವನ್ನೇ ಸುಟ್ಟುಹಾಕುವ ಒಂದು ಗುಂಡಿ ಇದ್ದರೂ, ಯಾರೂ ಒತ್ತದಿದ್ದರೆ ಅದು ಸೇಫ್. ಅಳೆಯುವುದು ವಸ್ತುವಿನ ಕ್ರೌರ್ಯವನ್ನಲ್ಲ, ಕಾಯುವವರ ಶ್ರಮವನ್ನು.

ಈಗ ವಾಸ್ತವದ ಸ್ಥಿರತೆಯ ವಿಷಯಕ್ಕೆ ಬರುತ್ತೇನೆ.

ಕೆಲವು ಕಡತಗಳಲ್ಲಿ ಪಿಶಾಚಿ ಇಲ್ಲ, ಪ್ರತಿಮೆ ಇಲ್ಲ. ವಾಸ್ತವವೇ ಅಲ್ಲಲ್ಲಿ ತೆಳುವಾಗಿದೆ. ಬಟ್ಟೆ ಸವೆದು ಆಚೆಯದು ಕಾಣುತ್ತದಲ್ಲ, ಹಾಗೆ. ಇದನ್ನು ಅಳೆಯಲು ಬರಹಗಾರರು ಒಂದು ಮಾನ ಕಲ್ಪಿಸಿಕೊಂಡರು. ಹೆಸರು ಹ್ಯೂಮ್. 18ನೇ ಶತಮಾನದ ಸ್ಕಾಟಿಷ್ ತತ್ವಜ್ಞಾನಿ ಡೇವಿಡ್ ಹ್ಯೂಮ್ ಹೆಸರು ಅದು. ನಾಳೆ ಸೂರ್ಯ ಹುಟ್ಟುತ್ತಾನೆ ಅಂತ ಯಾಕೆ ನಂಬುತ್ತೀರಿ, ಇಷ್ಟು ದಿನ ಹುಟ್ಟಿದ್ದಾನೆ ಎಂಬ ರೂಢಿ ಬಿಟ್ಟು ಬೇರೆ ಕಾರಣ ಏನಿದೆ ಅಂತ ಕೇಳಿದ ಮನುಷ್ಯ. ಅಳೆಯುವ ಯಂತ್ರಕ್ಕೆ ಕಾಂಟ್ ಕೌಂಟರ್ ಅಂತ ಹೆಸರು. ಹ್ಯೂಮನ ಪ್ರಶ್ನೆಗೆ ಉತ್ತರ ಹುಡುಕುತ್ತಾ ಒಂದು ದೊಡ್ಡ ದರ್ಶನವನ್ನೇ ಕಟ್ಟಿದವನು ಇಮ್ಯಾನ್ಯುಯೆಲ್ ಕಾಂಟ್. ಬರೆದವರು ಸುಮ್ನೆ ಹೆಸರು ಆರಿಸಿಲ್ಲ. ಇನ್ನು ವಾಸ್ತವ ತೆಳುವಾದ ಕಡೆ ಅದನ್ನು ಹಿಡಿದು ನಿಲ್ಲಿಸಲು ಒಂದು ಲಂಗರು ಇದೆ. ಸ್ಕ್ರಾಂಟನ್ ರಿಯಾಲಿಟಿ ಆಂಕರ್. ಕಲ್ಪಿತ ವಿಜ್ಞಾನಿ ರಾಬರ್ಟ್ ಸ್ಕ್ರಾಂಟನ್ ಮಾಡಿದ್ದು.

ಇಲ್ಲಿ ಒಂದು ಗಟ್ಟಿ ಪ್ರಶ್ನೆ ಏಳುತ್ತದೆ. ವಾಸ್ತವವೇ ಬದಲಾದರೆ ಅಳೆಯುವ ಯಂತ್ರವೂ ಬದಲಾಗುತ್ತದೆ. ನಿಮ್ಮ ನೆನಪೂ ಬದಲಾಗುತ್ತದೆ. ಬದಲಾಯಿತು ಅಂತ ಗೊತ್ತಾಗುವುದು ಹೇಗೆ?

ಇದು ಬರೀ ಕಥೆಯ ಪ್ರಶ್ನೆ ಅಂದುಕೊಳ್ಳಬೇಡಿ. ನಿಜವಾಗಿ ನಡೆದದ್ದನ್ನು ಹೇಳುತ್ತೇನೆ. ಪ್ಯಾರಿಸ್ಸಿನ ಹತ್ತಿರ ಸೆವ್ರ್ ಎಂಬಲ್ಲಿ ಅಂತರರಾಷ್ಟ್ರೀಯ ತೂಕ ಮತ್ತು ಅಳತೆಗಳ ಕಚೇರಿ ಇದೆ. ಅಲ್ಲಿ ಪ್ಲಾಟಿನಂ ಮತ್ತು ಇರಿಡಿಯಂ ಬೆರೆಸಿ ಮಾಡಿದ ಒಂದು ಸಣ್ಣ ಉರುಳೆ ಇದೆ. 1879ರಲ್ಲಿ ಎರಕ ಹೊಯ್ದದ್ದು. 2019ರವರೆಗೆ ಇಡೀ ಜಗತ್ತಿನ ಒಂದು ಕಿಲೋ ಅಂದರೆ ಆ ಉರುಳೆಯ ತೂಕ. ಬೇರೆ ಅರ್ಥವೇ ಇರಲಿಲ್ಲ. ಸಂತೆಯಲ್ಲಿ ನೀವು ಕೊಳ್ಳುವ ಒಂದು ಕಿಲೋ ಈರುಳ್ಳಿಯ ಬೇರು ಕೊನೆಗೆ ಅಲ್ಲಿಗೆ ಹೋಗಿ ಮುಟ್ಟುತ್ತಿತ್ತು. ಅದರ ಒಂದು ಪ್ರತಿ, ಸಂಖ್ಯೆ 57, ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದಲ್ಲಿದೆ. ಮೂಲ ಉರುಳೆಯನ್ನು ಇಟ್ಟಿದ್ದು ತಿಜೋರಿಯಲ್ಲಿ. ಅದನ್ನು ತೆರೆಯಲು ಮೂರು ಬೀಗದ ಕೈ ಬೇಕು. ಮೂರೂ ಬೇರೆ ಬೇರೆ ಜನರ ಹತ್ತಿರ. ಒಬ್ಬರೇ ಹೋಗಿ ತೆರೆಯುವಂತಿಲ್ಲ. ನೂರು ವರ್ಷದಲ್ಲಿ ಅದನ್ನು ಹೊರತೆಗೆದು ಪ್ರತಿಗಳ ಜೊತೆ ತೂಗಿದ್ದು ಬೆರಳೆಣಿಕೆಯಷ್ಟು ಸಲ.

ಹಾಗೆ ತೂಗಿದಾಗ ಗಾಬರಿ ಆಯಿತು. ಮೂಲಕ್ಕೂ ಪ್ರತಿಗಳಿಗೂ ಸುಮಾರು 50 ಮೈಕ್ರೋಗ್ರಾಂ ವ್ಯತ್ಯಾಸ ಬಂದಿತ್ತು. ಒಂದು ಬೆರಳಚ್ಚಿನ ತೂಕದಷ್ಟು. ಆದರೆ ಯಾವುದು ಬದಲಾಯಿತು? ಮೂಲ ಹಗುರ ಆಯಿತೋ, ಪ್ರತಿಗಳು ಭಾರ ಆದವೋ? ಮೂಲ ಬದಲಾಗಿದೆ ಅಂತ ಹೇಳುವುದಕ್ಕೇ ಆಗುವುದಿಲ್ಲ. ಯಾಕೆಂದರೆ ಅದು ಎಷ್ಟಿದ್ದರೂ ಅದೇ ಒಂದು ಕಿಲೋ. ಹಾಗೆ ನೋಡಿದರೆ ಆ ಉರುಳೆ ಒಂದು ಚೂರು ಹಗುರವಾದರೆ ಇಡೀ ಜಗತ್ತು ಭಾರವಾದ ಲೆಕ್ಕ. ಕೊನೆಗೆ 2018ರ ನವೆಂಬರ್ 16ರಂದು ಹಲವು ದೇಶಗಳ ಪ್ರತಿನಿಧಿಗಳು ವರ್ಸೈಲ್ಸ್‌ನಲ್ಲಿ ಸೇರಿ ಮತ ಹಾಕಿದರು. 2019ರ ಮೇ 20ರಿಂದ ಕಿಲೋಗೆ ಪ್ಲಾಂಕ್ ಸ್ಥಿರಾಂಕವೇ ಆಧಾರ, ಅಂದರೆ ಪ್ರಕೃತಿಯಲ್ಲೇ ಇರುವ, ಬದಲಾಗದ ಒಂದು ಅಳತೆ.

ಬೀಗದ ಕೈ ಇಟ್ಟುಕೊಂಡ ಆ ಮೂವರ ಹೆಸರು ನಮ್ಮಲ್ಲಿ ಯಾರಿಗೆ ಗೊತ್ತಿತ್ತು? ಲೋಕದ ಅಳತೆ ಕಾಯುತ್ತಿದ್ದವರು ಅವರು. ಈ ಸಂಗತಿ ತಿಳಿದ ದಿನ ನನಗೆ ಎಸ್‌ಸಿಪಿ ಕಥೆಗಳು ಬೇರೆಯೇ ಆಗಿ ಕಂಡವು. ಕಥೆಯಲ್ಲಿ ಮೂವರು, ಇಲ್ಲೂ ಮೂವರು. ಒಬ್ಬರ ಕೈಗೆ ಬಿಡುವಂತಿಲ್ಲ ಎಂಬ ಎಚ್ಚರ ಎರಡೂ ಕಡೆ ಒಂದೇ.

ಸ್ಕ್ರಾಂಟನ್ ಹೆಸರು ಹೇಳಿದೆನಲ್ಲ, ಅವನ ಕಥೆ ಹೇಳಲೇಬೇಕು. ಕಡತ 3001. ನಾನು ಓದಿದ ಎಸ್‌ಸಿಪಿ ಬರಹಗಳಲ್ಲಿ ಇದರಷ್ಟು ನನ್ನನ್ನು ಕಲಕಿದ್ದು ಬೇರೆ ಇಲ್ಲ. ಒಂದು ಅವಘಡದಲ್ಲಿ ಅವನು ವಾಸ್ತವವೇ ತೀರಾ ತೆಳುವಾದ ಒಂದು ಜಾಗಕ್ಕೆ ಬಿದ್ದುಬಿಡುತ್ತಾನೆ. ಪೂರ್ತಿ ಕತ್ತಲು. ಹಸಿವೂ ಕೊಲ್ಲುವುದಿಲ್ಲ. ಜೊತೆಗೆ ಇರುವುದು ಧ್ವನಿ ದಾಖಲಿಸುವ ಒಂದು ಯಂತ್ರ, ಅದರ ಮೇಲೊಂದು ಕೆಂಪು ದೀಪ. ಸುತ್ತಲಿನ ವಾಸ್ತವ ತೆಳು, ಅವನ ಮೈಯ ವಾಸ್ತವ ದಪ್ಪ. ಉಪ್ಪಿನ ಹರಳು ನೀರಿನಲ್ಲಿ ಕರಗಿದ ಹಾಗೆ ಅವನು ನಿಧಾನವಾಗಿ ಕರಗುತ್ತಾನೆ. ಐದು ವರ್ಷಕ್ಕಿಂತ ಜಾಸ್ತಿ ಕಾಲ. ಕಥೆ ಪೂರ್ತಿ ಅವನ ಮಾತು. ಅವನು ತನ್ನ ಹೆಸರು ಹೇಳಿಕೊಳ್ಳುತ್ತಾನೆ. ವಯಸ್ಸು ಹೇಳಿಕೊಳ್ಳುತ್ತಾನೆ. ಹೆಂಡತಿ ಆನಾಳ ಹೆಸರು ಹೇಳುತ್ತಾನೆ. ಮತ್ತೆ ಮೊದಲಿಂದ. ಆ ಕೆಂಪು ದೀಪದ ಜೊತೆ ಮಾತಾಡುತ್ತಾನೆ. ಜಗತ್ತಿಗೆಲ್ಲ ಲಂಗರು ಮಾಡಿಕೊಟ್ಟವನು ತಾನು ಹಿಡಿದುಕೊಳ್ಳಲು ಒಂದು ದೀಪ ಬಿಟ್ಟರೆ ಏನೂ ಇಲ್ಲದೆ ಒದ್ದಾಡುತ್ತಾನೆ.

'ನಾನೀಗ ಮಿಟುಕಿಸ್ತೀನಿ' ಅಂತ ಹೇಳಲು ಅವನಿಗೆ ಯಾರೂ ಇಲ್ಲ.

ಇನ್ನೊಂದು ಕಡತ 55. ಅದು ಏನು ಅಂತ ಯಾರಿಗೂ ನೆನಪಿರುವುದಿಲ್ಲ. ನೋಡಿ ಹೊರಗೆ ಬಂದರೆ ಮರೆತೇ ಹೋಗುತ್ತದೆ. ಅದು ಏನಲ್ಲ ಎಂಬುದು ಮಾತ್ರ ನೆನಪಿರುತ್ತದೆ. ಅದು ಗುಂಡಗಿಲ್ಲ ಅಂತ ಅವರು ಬರೆದಿಟ್ಟುಕೊಂಡಿದ್ದಾರೆ. 'ನೇತಿ ನೇತಿ' ಕೇಳಿ ಬೆಳೆದ ನಮಗೆ ಇದು ಎಲ್ಲೋ ಕೇಳಿದ ದಾರಿ ಅನಿಸುತ್ತದೆ, ಅಲ್ವಾ? ಅಲ್ಲಿ ಆ ದಾರಿ ಬಿಡುಗಡೆಗೆ ಹೋಗುತ್ತದೆ, ಇಲ್ಲಿ ದಿಗಿಲಿಗೆ.

ಎಲ್ಲವೂ ಒಳ್ಳೆಯ ಬರಹ ಅಂತ ನಾನು ಹೇಳುವುದಿಲ್ಲ. ಶುರುವಿನ ದಿನಗಳ ಎಷ್ಟೋ ಕಡತಗಳು ಬರೀ ಬೆಚ್ಚಿಬೀಳಿಸಲು ಬರೆದವು. ಕೊಲ್ಲುವ ವಸ್ತು, ಇನ್ನೂ ಜಾಸ್ತಿ ಕೊಲ್ಲುವ ವಸ್ತು. ಅವನ್ನು ಬಿಟ್ಟು ಮುಂದೆ ಹೋಗಿ. ಓದುಗರೇ ಮತ ಹಾಕುತ್ತಾರೆ, ಹಿಡಿಸದ ಕಡತ ಕೆಳಗಿಳಿದು ಅಳಿದುಹೋಗುತ್ತದೆ. ಉಳಿದದ್ದನ್ನು ಯಾರು ಬೇಕಾದರೂ ಬೆಳೆಸಬಹುದು. ಲೇಖಕರ ಹೆಸರು ಹೇಳಬೇಕು, ತಮ್ಮದನ್ನೂ ಅದೇ ಷರತ್ತಿನಲ್ಲಿ ಬಿಟ್ಟುಕೊಡಬೇಕು, ಅಷ್ಟೇ ಕಟ್ಟಳೆ. ಇದೇ ಸರಿಯಾದ ಕಥೆ ಅಂತ ಒಂದು ಇಲ್ಲ. ಮೊದಲನೇ ಸಂಖ್ಯೆಯ ಕಡತವನ್ನೇ ನೋಡಿ. ಅದಕ್ಕೆ ಹಲವು ಪಾಠಗಳಿವೆ, ಒಂದಕ್ಕೊಂದು ಹೊಂದುವುದಿಲ್ಲ. ನಿಜವಾದದ್ದನ್ನು ಮುಚ್ಚಿಡಲು ಸುಳ್ಳು ಕಡತಗಳನ್ನೂ ಇಟ್ಟಿದ್ದಾರಂತೆ. ಯಾವುದು ನಿಜ ಅಂತ ಓದುಗರೇ ಆರಿಸಿಕೊಳ್ಳಬೇಕು. ಕಂಸಾಳೆ ಹಿಡಿದು ಮಾದಪ್ಪನ ಕಥೆ ಹಾಡುವ ದೇವರಗುಡ್ಡರನ್ನು ಕೇಳಿದವರಿಗೆ ಇದು ವಿಚಿತ್ರ ಅನಿಸಬಾರದು. ಒಬ್ಬರು ಹಾಡಿದ ಸಾಲು ಇನ್ನೊಬ್ಬರ ಬಾಯಲ್ಲಿ ಇರುವುದಿಲ್ಲ. ಆದರೂ ಕಥೆ ಮಾದಪ್ಪನದೇ.

ಹಾಗೆ ಎಲ್ಲರದ್ದೂ ಆದ ಕಥೆಯಲ್ಲಿ ಒಂದು ವಸ್ತು ಮಾತ್ರ ಎಲ್ಲರದ್ದಾಗಿರಲಿಲ್ಲ. ಆ ಪ್ರತಿಮೆಯ ಫೋಟೋ. ಅದು ಜಪಾನಿನ ಕಲಾವಿದ ಇಝುಮಿ ಕಾಟೋ ಮಾಡಿದ ನಿಜವಾದ ಶಿಲ್ಪ. ಅವರನ್ನು ಕೇಳದೆ ಬಳಸಿದ್ದು. ಹಣ ಮಾಡಬಾರದು ಎಂಬ ಷರತ್ತಿನ ಮೇಲೆ ಅವರು ಸಹಿಸಿಕೊಂಡಿದ್ದರು. 2022ರಲ್ಲಿ ಅವರ ಮೇಲಿನ ಗೌರವದಿಂದ ಫೋಟೋ ತೆಗೆದುಹಾಕಿದರು. ಇಡೀ ಕಟ್ಟಡದ ಮೊದಲ ಕಲ್ಲು ಅದು. ತೆಗೆದರೂ ಕಟ್ಟಡ ನಿಂತಿದೆ. ಇದು ಸರಿಯಾದ ಕೆಲಸ ಅಂತ ನನ್ನ ಮನಸ್ಸು ಹೇಳುತ್ತದೆ.

ಮಾತು ಮುಗಿಸಿ ಕೂತಿದ್ದೆ. ಹಿಂದಿನ ಸಾಲಿನಿಂದ ಒಬ್ಬಳು ವಿದ್ಯಾರ್ಥಿನಿ ಎದ್ದು ಕೇಳಿದಳು. 'ಸರ್, ಇಬ್ಬರು ಪ್ರತಿಮೆ ನೋಡ್ತಾ ಇರ್ತಾರೆ. ಮೂರನೆಯವನು ಏನು ಮಾಡ್ತಾನೆ?'

ಅವಳಿಗೆ ಅಲ್ಲಿ ಕೊಟ್ಟ ಉತ್ತರ ಚಿಕ್ಕದು. ಇಲ್ಲಿ ಸ್ವಲ್ಪ ಬಿಡಿಸಿ ಬರೆಯುತ್ತೇನೆ.

ಮೂರನೆಯವನು ನೆಲ ತೊಳೆಯುತ್ತಾನೆ. ಆ ಕೋಣೆಯ ನೆಲದಲ್ಲಿ ರಕ್ತ ಮತ್ತು ಮಲ ಕಟ್ಟಿಕೊಳ್ಳುತ್ತದೆ. ಎಲ್ಲಿಂದ ಬರುತ್ತದೆ ಅಂತ ಗೊತ್ತಿಲ್ಲ. ತೊಳೆಯಲೇಬೇಕು ಅಂತ ಕಡತ ಹೇಳುತ್ತದೆ. ಮೂವರು ಒಳಗೆ ಹೋಗುವುದೇ ಅದಕ್ಕೆ.

ಹೋಗುವವರು ಯಾರು? ಮುಂದೆ ಬಂದ ಕಥೆಗಳಲ್ಲಿ ಅವರಿಗೆ ಡಿ-ಕ್ಲಾಸ್ ಅಂತ ಹೆಸರು. ಮರಣದಂಡನೆಗೆ ಕಾಯುತ್ತಿದ್ದ ಕೈದಿಗಳು. ಅವರಿಗೆ ಹೆಸರಿನ ಬದಲು ಒಂದು ಸಂಖ್ಯೆ. ವಿಜ್ಞಾನಿಗೆ ಹೆಸರಿದೆ, ಅವನ ಹೆಂಡತಿಗೂ ಹೆಸರಿದೆ, ಅವನ ಯಂತ್ರಕ್ಕೂ ಹೆಸರಿದೆ. ಇವರಿಗಿಲ್ಲ. ತಿಂಗಳ ಕೊನೆಗೆ ಇವರನ್ನು ಕೊಂದುಬಿಡುತ್ತಾರೆ ಅಂತ ಹಳೆಯ ಕಡತಗಳಲ್ಲಿತ್ತು. ಆಮೇಲೆ ಬಂದ ಬರಹಗಾರರು ಇದನ್ನು ಒಪ್ಪಲಿಲ್ಲ. ಕೆಲವರು ಅದನ್ನು ಬಿಟ್ಟುಬಿಟ್ಟರು. ಕೆಲವರು ಸಂಸ್ಥೆಯೊಳಗೆ ಒಂದು ನೀತಿ ಸಮಿತಿಯನ್ನು ಕಲ್ಪಿಸಿದರು. ಇನ್ನು ಕೆಲವರು ಈ ಸಂಸ್ಥೆಗೆ ಎದುರು ನಿಲ್ಲುವ ಬಳಗವನ್ನೇ ಬರೆದರು. ಕಟ್ಟಿಟ್ಟದ್ದನ್ನೆಲ್ಲ ಬಿಡಿಸಬೇಕು ಅನ್ನುವ ಬಳಗ ಅದು. ಆ ಜಗಳ ಕಥೆಗಳಲ್ಲಿ ಇನ್ನೂ ಮುಗಿದಿಲ್ಲ. ಮುಗಿಯದೇ ಇರುವುದೇ ಒಳ್ಳೆಯದು ಅಂತ ನನಗನಿಸುತ್ತದೆ.

ನಮಗೆ ಈ ಜಗಳ ಗೊತ್ತಿರುವುದೇ. 'ಕೆರೆಗೆ ಹಾರ' ಹಾಡನ್ನು ಶಾಲೆಯಲ್ಲಿ ಎಷ್ಟು ಜನ ಓದಿದ್ದೀರಿ? ಕಲ್ಲನಕೇರಿ ಮಲ್ಲನಗೌಡ ಕೆರೆ ಕಟ್ಟಿಸಿದ. ನೀರು ಬರಲಿಲ್ಲ. ಬಲಿ ಕೊಡಬೇಕು ಅಂತಾಯಿತು. ಮನೆಯಲ್ಲಿ ಸೊಸೆಯರಿದ್ದರು. ಆರಿಸಿದ್ದು ಕಿರಿಯ ಸೊಸೆ ಭಾಗೀರಥಿಯನ್ನು. ಅವಳ ಗಂಡ ದಂಡಿನಲ್ಲಿದ್ದ, ಅವನನ್ನು ಕೇಳಲಿಲ್ಲ. ಪೂಜೆ ಮುಗಿಸಿ ಬಂದವರು ಬಂಗಾರದ ಬಟ್ಟಲು ಮರೆತು ಬಂದೆವು ಅಂತ ಅವಳನ್ನೇ ಮತ್ತೆ ಕಳಿಸಿದರು. ಒಂದೊಂದು ಮೆಟ್ಟಿಲಿಗೂ ನೀರು ಏರುತ್ತಾ ಬಂತು. ಪಾದ, ಮೊಣಕಾಲು, ನಡು. ಕೆರೆ ತುಂಬಿತು, ಊರು ಉಳಿಯಿತು. ಆ ಹಾಡು ಕಟ್ಟಿದ ಹೆಂಗಸರು ಊರು ಉಳಿದ ಖುಷಿಯನ್ನು ಹಾಡಲಿಲ್ಲ. ಮೆಟ್ಟಿಲುಗಳನ್ನು ಒಂದೊಂದಾಗಿ ಎಣಿಸಿ ಹಾಡಿದರು. ಮುಖ್ಯವಾಗಿ, ಅವಳ ಹೆಸರು ಉಳಿಸಿಕೊಂಡರು.

ಅದಕ್ಕೇ ಆ ಹುಡುಗಿಯ ಪ್ರಶ್ನೆ ನನ್ನನ್ನು ಬಿಡುತ್ತಿಲ್ಲ. ಇಷ್ಟು ವರ್ಷ ಆ ಕಡತ ಓದುವಾಗ ನಾನು ಕಣ್ಣಿಟ್ಟು ನಿಂತ ಇಬ್ಬರ ಜೊತೆಯಲ್ಲೇ ನಿಂತಿದ್ದೆ. ಮೂರನೆಯವನ ಕಡೆ ನೋಡಿರಲಿಲ್ಲ. ಅವನು ಪ್ರತಿಮೆಗೆ ಬೆನ್ನು ಹಾಕಿ ಬಗ್ಗಿದ್ದಾನೆ. ಕೈಯಲ್ಲಿ ಬಕೆಟ್ಟು, ಪೊರಕೆ. ಹಿಂದೆ ಏನಾಗುತ್ತಿದೆ ಅಂತ ಅವನಿಗೆ ಕಾಣುವುದಿಲ್ಲ. ಅವನಿಗೆ ಕೇಳುವುದು ಎರಡು ದನಿ ಮಾತ್ರ.

'ನಾನೀಗ ಮಿಟುಕಿಸ್ತೀನಿ.'

'ಹೂಂ, ನಾನು ನೋಡ್ತಿದ್ದೀನಿ.'

ಅವನು ನೆಲ ಉಜ್ಜುತ್ತಾ ಇದ್ದಾನೆ.